ಟಿಕ್ ಅಂದ ಮೇಲೆ

ಭೂಪ ಆ ಮನೆಗೆ ಬಂದದ್ದು ಒಂದು ಭಾನುವಾರ ಮಧ್ಯಾಹ್ನ, ಸೊಸೆಯ ಜೊತೆ. ಸಾಮಾನು ಅಂತ ಹೆಚ್ಚೇನೂ ಇರಲಿಲ್ಲ. ಒಂದು ಹಗ್ಗ, ನೆಗ್ಗಿದ ಒಂದು ಸ್ಟೀಲ್ ಬೋಗುಣಿ, ತೀರಿಕೊಂಡ ಯಜಮಾನನ ಎಡಗಾಲಿನ ಚಪ್ಪಲಿ, ಅಷ್ಟೆ. ಬಲಗಾಲಿನದು ಎಲ್ಲಿ ಎಂದು ಯಾರೂ ಕೇಳಲಿಲ್ಲ. ಅದನ್ನು ಭೂಪ ಆಗಲೇ ತಿಂದು ಮುಗಿಸಿದೆ ಎನ್ನುವುದು ಅದರ ಮುಖ ನೋಡಿದರೇ ತಿಳಿಯುತ್ತಿತ್ತು.

ಭೂಪ ಎಂದರೆ ನಾಯಿ. ಕಂದು ಮೈ, ಒಂದು ಕಿವಿ ನೆಟ್ಟಗೆ, ಇನ್ನೊಂದು ಶುದ್ಧ ಸೋಮಾರಿ. ಸೊಸೆಯ ತಂದೆ ಸಾಕಿದ್ದ ನಾಯಿ. ಅವರು ತೀರಿಕೊಂಡ ಮೇಲೆ ಬಾಡಿಗೆ ಮನೆ ಖಾಲಿ ಮಾಡುವಾಗ ಮಂಚ, ಬೀರು, ಪಾತ್ರೆ ಪಡಗಗಳನ್ನೆಲ್ಲ ನೆಂಟರಿಷ್ಟರಿಗೆ ಹಂಚಿ, ನಾಯಿಯೊಂದನ್ನೇ ಅವಳು ತನ್ನ ಪಾಲಿಗೆ ಇಟ್ಟುಕೊಂಡಳು. ಮದುವೆಯಾಗಿ ಬಂದಂದಿನಿಂದ ಈ ಮನೆಯಲ್ಲಿ ತನಗೆ ಇಂಥದ್ದು ಬೇಕು ಎಂದು ಬಾಯಿ ಬಿಟ್ಟು ಕೇಳಿದವಳಲ್ಲ. ಔಷಧಿ ಅಂಗಡಿಯ ಕೌಂಟರಿನಲ್ಲಿ ಸಂಜೆಯವರೆಗೆ ನಿಂತು, ಮನೆಗೆ ಬಂದು ಮತ್ತೆ ಒಲೆಯ ಮುಂದೆ ನಿಲ್ಲುವವಳು. ಅಂಥವಳು ನಾಯಿ ತರುತ್ತೇನೆ ಎಂದಾಗ ಬೇಡ ಎನ್ನಲು ಯಾರಿಗೂ ನಾಲಿಗೆ ಏಳಲಿಲ್ಲ.

ಮಾವನಿಗಂತೂ ಏಳುವ ಹಾಗೇ ಇರಲಿಲ್ಲ. ಬೀಗರು ಆಸ್ಪತ್ರೆಯಲ್ಲಿದ್ದಾಗ ಅವರ ಪಕ್ಕ ಸ್ಟೂಲಿನ ಮೇಲೆ ಕೂತು, "ನಾಯಿ ಚಿಂತೆ ನಮಗೆ ಬಿಡಿ ಬೀಗರೇ, ನೀವು ಹುಷಾರಾಗಿ" ಎಂದು ಎಲ್ಲರೆದುರಿಗೆ ಹೇಳಿದ್ದವರು ಅವರೇ.

ಮಾವ ವೃತ್ತಿಯಲ್ಲಿ ದರ್ಜಿ, ಬೀದಿಯವರಿಗೆಲ್ಲ ಮಾಸ್ಟ್ರು. ಅಂಗಡಿ ಇರುವುದು ಮನೆಯ ಮುಂದಿನ ಕೋಣೆಯಲ್ಲೇ. ಬೀದಿಗೆ ತೆರೆಯುವ ಬಾಗಿಲು, ಎದುರಿಗೆ ಬಟ್ಟೆ ಕತ್ತರಿಸುವ ಉದ್ದ ಮೇಜು, ಕಿಟಕಿಯ ಪಕ್ಕ ಹೊಲಿಗೆ ಯಂತ್ರ, ಗೋಡೆಗೆ ಆಳೆತ್ತರದ ಕನ್ನಡಿ. ಭೂಪನಿಗೆ ಈ ಕೋಣೆ ಬಹಳ ಹಿಡಿಸಿತು. ಇಲ್ಲಿ ದಿನವಿಡೀ ಜನ ಬರುತ್ತಿದ್ದರು, ಮತ್ತು ಜನ ಎಂದರೆ ಭೂಪನಿಗೆ ಪ್ರಾಣ. ಬಾಗಿಲಲ್ಲಿ ಯಾರ ನೆರಳು ಬಿದ್ದರೂ ಓಡಿಹೋಗಿ, ಮುಂಗಾಲೆರಡನ್ನೂ ಅವರ ಎದೆಯ ಮೇಲಿಟ್ಟು, ಮುಖಕ್ಕೆ ಮುಖ ತಂದು ಕುಶಲ ವಿಚಾರಿಸುತ್ತಿತ್ತು. ಕಚ್ಚಿದ್ದಿಲ್ಲ, ಗುರ್ರೆಂದಿದ್ದಿಲ್ಲ. ಬರೀ ಪ್ರೀತಿ. ಅಳತೆ ಕೊಡಲು ಬಂದವರಿಗೆ ಆ ಪ್ರೀತಿ ಬೇಕಿರಲಿಲ್ಲ. ಕಟ್ಟಿಹಾಕಿದರೆ ಅದು ಕೂಗಿ ಕೂಗಿ ಬೀದಿಯನ್ನೇ ಎಬ್ಬಿಸುತ್ತಿತ್ತು.

ಹೇಗೋ ನಡೆದುಕೊಂಡು ಹೋಗುತ್ತಿತ್ತು, ವಕೀಲರ ಕೋಟಿನ ಪ್ರಸಂಗ ಆಗುವವರೆಗೆ.

ವಕೀಲರು ಹೊಸ ಕರಿ ಕೋಟು ತೊಟ್ಟು ಕನ್ನಡಿಯ ಮುಂದೆ ನಿಂತಿದ್ದರು. ಭುಜ ಕೊಡವಿ, "ಮಾಸ್ಟ್ರೇ, ಕೈ ಅಂದ್ರೆ ನಿಮ್ದು" ಎನ್ನುತ್ತಿದ್ದರು. ಅಷ್ಟರಲ್ಲಿ ಹಿತ್ತಲ ನಲ್ಲಿಯ ಹತ್ತಿರ ನೀರಾಡಿ ಬಂದ ಭೂಪನಿಗೆ ಅವರು ಕಂಡರು. ಎದೆಯ ಮೇಲೆ ಎರಡು ಕೆಸರಿನ ಹೆಜ್ಜೆ ಮೂಡಿತು. ವಕೀಲರು ಗಾಬರಿಯಲ್ಲಿ ಹಿಂದೆ ಸರಿದರು. ಉಗುರು ಕೋಟಿನ ಒಳಗಿನ ಲೈನಿಂಗಿಗೆ ಸಿಕ್ಕಿಕೊಂಡು ಪರ್ರೆಂದು ಹರಿಯಿತು.

"ಮಾಸ್ಟ್ರೇ," ಎಂದರು ವಕೀಲರು, "ನಾನು ಬಂದಿದ್ದು ಕೋಟಿಗೋ, ಕುಸ್ತಿಗೋ?"

ಆ ಸಂಜೆ ಊಟಕ್ಕೆ ಕೂತಾಗ ಮಾಸ್ಟ್ರು ತಟ್ಟೆ ನೋಡುತ್ತಲೇ ತೀರ್ಪು ಕೊಟ್ಟರು.

"ರಜೆ ಮುಗಿಯೋ ಹೊತ್ತಿಗೆ ಯೂನಿಫಾರಂ ಹೊಲಿಸೋರು ಸಾಲುಗಟ್ಟಿ ನಿಲ್ತಾರೆ. ಅಷ್ಟರಲ್ಲಿ ಅದು ಬಾಗಿಲಲ್ಲಿ ಯಾರೇ ಬರಲಿ, ಸುಮ್ನೆ ಕೂರೋದು ಕಲೀಬೇಕು. ಇಲ್ಲಾಂದ್ರೆ ಡೈರಿ ಚಿಕ್ಕಪ್ಪನ ಹತ್ರ ಬಿಟ್ಟುಬಿಡೋಣ. ಅವರಿಗೂ ಹೇಳಿಬಿಡಿ, ರಜೆಯ ಕೊನೇ ಭಾನುವಾರ ಬರಲಿ."

ಡೈರಿ ಚಿಕ್ಕಪ್ಪ ಎಂದರೆ ಸೊಸೆಯ ತಂದೆಯ ತಮ್ಮ. ಊರಾಚೆ ಹಸು ಕಟ್ಟಿಕೊಂಡಿದ್ದವನು. ಒಳ್ಳೆಯವನೇ. ಆದರೆ ಅವನ ಹತ್ತಿರ ನಾಯಿ ಎಂದರೆ ಕೊಟ್ಟಿಗೆಯ ಕಂಬ ಮತ್ತು ಸರಪಳಿ. ಅದು ಎಲ್ಲರಿಗೂ ಗೊತ್ತಿತ್ತು.

"ಆಸ್ಪತ್ರೆಲಿ ಮಾತು ಕೊಟ್ಟೋರು ನೀವೇ ಅಲ್ವೇನ್ರೀ?" ಎಂದಳು ಮಾಸ್ಟ್ರ ಹೆಂಡತಿ. ಮೊಮ್ಮಗಳು ಹುಟ್ಟಿದ ಮೇಲೆ ಬೀದಿಯವರಿಗೆಲ್ಲ ಅವಳು ಅಜ್ಜಿ.

"ಆಸ್ಪತ್ರೆಲಿ ಎಲ್ಲರೂ ಏನೇನೋ ಹೇಳ್ತಾರೆ. ಮಲಗಿದ್ದೋರಿಗೆ ಸಮಾಧಾನ ಆಗಲಿ ಅಂತ."

"ಹೇಳಿದ ದಿನಕ್ಕೆ ಬಟ್ಟೆ ಕೊಡ್ತೀನಿ, ಮಾತು ಅಂದ್ರೆ ಮಾತು ಅಂತ ಬೀದಿಗೆಲ್ಲ ಕೇಳೋ ಹಾಗೆ ಹೇಳ್ತೀರಲ್ಲ?"

"ಅದು ಬಟ್ಟೆ ಕಣೇ. ಇದು ನಾಯಿ."

ಸೊಸೆ, "ಆಯ್ತು ಮಾವ" ಎಂದಳು. ಎದ್ದು ಹೋಗಿ ಪಾತ್ರೆ ತೊಳೆಯಲು ನಿಂತಳು. ತಟ್ಟೆಯ ಮೇಲೆ ತಟ್ಟೆ, ತಪ್ಪಲೆಯ ಮೇಲೆ ಮುಚ್ಚಳ, ದಡ್ ದಡಾರ್. ಆ ಮನೆಯಲ್ಲಿ ಅವಳ ಸಿಟ್ಟಿಗೆಲ್ಲ ಪಾತ್ರೆಗಳದೇ ಬಾಯಿ. ಮಾಸ್ಟ್ರು ಕೈ ತೊಳೆಯಲು ಒಳಗೆ ಹೋಗದೆ ಹಿತ್ತಲ ನಲ್ಲಿಗೆ ಹೋದರು.

ಕೆಲವು ದಿನ ಕಳೆದು ಸೊಸೆ ಕೆಲಸದಿಂದ ಬರುವಾಗ ಬೆಂಕಿಪೊಟ್ಟಣದಷ್ಟು ದೊಡ್ಡದೊಂದು ಪ್ಲಾಸ್ಟಿಕ್ ಡಬ್ಬಿ ತಂದಳು. ಒಳಗೆ ತಗಡಿನ ನಾಲಿಗೆ. ಹೆಬ್ಬೆಟ್ಟಿನಿಂದ ಒತ್ತಿದರೆ 'ಟಿಕ್' ಎನ್ನುತ್ತಿತ್ತು. ಅವಳ ಅಂಗಡಿಗೆ ಬರುವ ಪ್ರಾಣಿಗಳ ಡಾಕ್ಟರಮ್ಮ ಕೊಟ್ಟದ್ದಂತೆ. ಹೆಸರು ಕ್ಲಿಕ್ಕರ್.

ಊಟವಾದ ಮೇಲೆ ನಡುಮನೆಯಲ್ಲಿ ಪಾಠ ಶುರುವಾಯಿತು. ಸೊಸೆಯ ಒಂದು ಕೈಯಲ್ಲಿ ಡಬ್ಬಿ, ಇನ್ನೊಂದರಲ್ಲಿ ಬೇಯಿಸಿದ ಕೋಳಿಮಾಂಸದ ಚೂರುಗಳು. ಪಕ್ಕದಲ್ಲಿ ಸಹಾಯಕ್ಕೆ ಮಗಳು. ಬಾಯಿ ತೆರೆದರೆ ನಿಲ್ಲಿಸದ ಆ ಹುಡುಗಿಗೆ ಮನೆಯಲ್ಲಿ ಪಟಾಕಿ ಎಂದೇ ಹೆಸರು.

"ಮೊದಲು ಟಿಕ್, ಆಮೇಲೆ ತಿಂಡಿ," ಎಂದಳು ಸೊಸೆ. "ಇವತ್ತು ಅದು ಏನೂ ಮಾಡ್ಬೇಕಾಗಿಲ್ಲ. ಟಿಕ್ ಅಂದ್ರೆ ಸಿಗುತ್ತೆ ಅಂತ ಗೊತ್ತಾದ್ರೆ ಸಾಕು."

"ಏನೂ ಮಾಡದೇ ಇದ್ದೋರಿಗೆ ಕೋಳಿ!" ಎಂದ ಮಗ. ಅವನು ಬಸ್ ಡ್ರೈವರ್. ಪಾಳಿ ಮುಗಿಸಿ ಆಗಷ್ಟೇ ಬಂದಿದ್ದ. "ದಿನವೆಲ್ಲ ಸ್ಟೀರಿಂಗ್ ತಿರುಗಿಸಿ ಬಂದೋನಿಗೆ ತಣ್ಣಗಿನ ಅನ್ನ."

"ಆಮೇಲೆ ಅದು ಒಳ್ಳೇದೇನಾದ್ರೂ ಮಾಡಿದ ಗಳಿಗೆಗೇ ಟಿಕ್ ಅನ್ಬೇಕು. ನಾಲ್ಕೂ ಕಾಲು ನೆಲದ ಮೇಲಿದ್ರೆ ಟಿಕ್. ಕೂತ್ರೆ ಟಿಕ್. ತಪ್ಪು ಮಾಡಿದ್ರೆ ಬೈಯೋ ಹಾಗಿಲ್ಲ, ಹೊಡೆಯೋ ಹಾಗಿಲ್ಲ."

"ಬೈಯದೇ ಕಲಿಸೋದಾ?" ಬಾಗಿಲ ಚೌಕಟ್ಟಿಗೆ ಒರಗಿ ನಿಂತಿದ್ದ ಮಾಸ್ಟ್ರು ನಕ್ಕರು. "ನಮ್ಮ ಗುರುಗಳು ನನಗೆ ಗುಂಡಿಗೆ ಕಾಜಾ ಹೊಲಿಯೋದು ಕಲಿಸಿದ್ದು ಅಳತೆ ಕೋಲಲ್ಲಿ. ಬೆರಳ ಮೇಲೆ."

"ಅದಕ್ಕೇ ನೀವು ಹೀಗಿರೋದು," ಎಂದಳು ಅಜ್ಜಿ. "ಈ ಮನೇಲಿ ಇಷ್ಟು ವರ್ಷ ಅಡುಗೆ ಮಾಡಿದೀನಿ. ಒಂದು ದಿನ ಯಾರಾದ್ರೂ ನನಗೆ ಟಿಕ್ ಅಂದಿದ್ದುಂಟಾ? ಉಪ್ಪು ಕಮ್ಮಿಯಾದ ದಿನ ಮಾತ್ರ ಎಲ್ಲರಿಗೂ ಬಾಯಿ ಬರುತ್ತೆ."

ಸೊಸೆ ನಗು ತಡೆದುಕೊಂಡು ಹೇಳಿದಳು: "ಮುಖ್ಯ ಇದೊಂದೇ ಅತ್ತೆ. ಟಿಕ್ ಅಂದ ಮೇಲೆ ಕೊಡಲೇಬೇಕು. ಕೈತಪ್ಪಿ ಒತ್ತಿದ್ರೂ ಕೊಡ್ಬೇಕು. ಟಿಕ್ ಅಂದ್ರೆ ಮಾತು ಕೊಟ್ಟ ಹಾಗೆ ಅಂತಾರೆ ಡಾಕ್ಟರಮ್ಮ. ಮಾತು ತಪ್ಪಿದ್ರೆ ನಾಯಿ ಮತ್ತೆ ನಂಬಲ್ಲ."

ಮೊದಲ ವಾರ ಎಲ್ಲ ಹೂವೆತ್ತಿದ ಹಾಗೆ ನಡೆಯಿತು. ಟಿಕ್ ಎಂದರೆ ಭೂಪನ ಸೋಮಾರಿ ಕಿವಿಯೂ ಎದ್ದು ನಿಲ್ಲುತ್ತಿತ್ತು. ಸಂಜೆ ಹೊತ್ತು ಮಗ ಹೊರಗೆ ಹೋಗಿ ಗಿರಾಕಿಯ ಹಾಗೆ ಬಾಗಿಲು ತಟ್ಟುವುದು, ಭೂಪ ಎಗರಲು ಹೊರಟು, ಏನೋ ನೆನಪಾದವರ ಹಾಗೆ ನಿಲ್ಲುವುದು, ಟಿಕ್. ಪಟಾಕಿ ಕುಣಿದಾಡುತ್ತಿದ್ದಳು. ಸೊಸೆಯ ಮುಖದಲ್ಲಿ, ತಂದೆ ಹೋದ ಮೇಲೆ ಮೊದಲ ಸಲ, ಸ್ವಲ್ಪ ಗೆಲುವು ಕಂಡಿತು. ಮಾಸ್ಟ್ರು ಅದನ್ನು ಗಮನಿಸಿದರು.

ಎರಡನೆಯ ವಾರ ಎಲ್ಲ ಕೆಟ್ಟಿತು. ಸಂಜೆ ಸೊಸೆ ಡಬ್ಬಿ ಒತ್ತಿದರೆ ಭೂಪ ಆಕಳಿಸಿತು. ಮತ್ತೆ ಒತ್ತಿದರೆ ಎದ್ದು ಹೋಗಿ ಮೇಜಿನ ಕೆಳಗೆ ಮಲಗಿತು. ಮಗ ಬಾಗಿಲು ತಟ್ಟಿದಾಗ ಮೊದಲಿನ ಹಾಗೇ ಎಗರಿ ಅವನ ಗಲ್ಲ ನೆಕ್ಕಿತು. ಮೂರು ಸಂಜೆ ಹೀಗೇ ಆದ ಮೇಲೆ ಸೊಸೆ ಡಾಕ್ಟರಮ್ಮನಿಗೆ ಫೋನು ಮಾಡಿದಳು. ಫೋನು ಇಟ್ಟವಳೇ ಮಗಳ ಕಡೆ ತಿರುಗಿದಳು.

"ಹಗಲು ಹೊತ್ತು ಆ ಡಬ್ಬಿ ಮುಟ್ಟಿದ್ಯಾ?"

"ಇಲ್ಲಮ್ಮಾ."

"ಯಾರೋ ಬರೀ ಟಿಕ್ ಟಿಕ್ ಒತ್ತಿ ತಿಂಡಿ ಕೊಡ್ತಿಲ್ಲ, ಅದಕ್ಕೇ ನಾಯಿ ನಂಬಿಕೆ ಬಿಟ್ಟಿದೆ ಅಂತಾರೆ ಅವರು. ಹಗಲೆಲ್ಲ ಮನೇಲಿರೋದು ಯಾರು? ನೀನೇ ತಾನೇ?"

"ನಾನಲ್ಲಮ್ಮಾ! ಕಪಾಟಿನ ಮೇಲಿದೆ, ನನಗೆ ಕೈಯೇ ಎಟಕಲ್ಲ!"

"ಕುರ್ಚಿ ಇಲ್ವಾ? ನೀನು ಆಟ ಆಡಿದ್ದಕ್ಕೆ ನಾಯಿ ಹೋಗುತ್ತೆ, ಗೊತ್ತಾ? ನಮ್ಮಪ್ಪನ ನಾಯಿ ಹೋಗುತ್ತೆ!"

ಹುಡುಗಿ ಬಾಯಿ ತೆರೆದಳು, ಮಾತು ಬರಲಿಲ್ಲ. ಪಟಾಕಿಗೆ ಮಾತು ಬಾರದ್ದನ್ನು ಆ ಮನೆ ಅದೇ ಮೊದಲು ಕಂಡದ್ದು. ಅಜ್ಜಿ ಬಂದು ಅವಳನ್ನು ಸೆರಗಿನೊಳಗೆ ಎಳೆದುಕೊಂಡಳು. "ನಿನ್ನ ಸಂಕಟಾನ ಮಗೂ ಮೇಲೆ ಹಾಕ್ಬೇಡ ಕಣಮ್ಮಾ," ಎಂದಳು. ಸೊಸೆ ಕಣ್ಣೊರೆಸಿಕೊಂಡು ಅಡುಗೆಮನೆಗೆ ಹೋದಳು. ಪಾತ್ರೆಗಳು ಮಾತಾಡತೊಡಗಿದವು.

ಮಾರನೆಯ ಬೆಳಗ್ಗೆ ಮಾಸ್ಟ್ರು ಯಂತ್ರದ ಮುಂದೆ ಕೂತಿದ್ದರು. ಹಿಂದಿನ ವಾರವಷ್ಟೇ ಒಂದು ಶಿಶುವಿಹಾರದಿಂದ ಪುಟ್ಟ ಪುಟ್ಟ ಏಪ್ರನ್ನುಗಳ ಕೆಲಸ ಬಂದಿತ್ತು. ಮಕ್ಕಳು ಬಣ್ಣ ಬಳಿಯುವಾಗ ಅಂಗಿಯ ಮೇಲೆ ಹಾಕಿಕೊಳ್ಳುವಂಥವು. ಬೆನ್ನ ಕಡೆ ಟಿಚ್ ಬಟನ್. ಲೋಹದ ಬಿಲ್ಲೆ ಎರಡು, ಒಂದರೊಳಗೆ ಒಂದು ಕೂರುವಂಥದ್ದು. ಹೊಲಿದ ಮೇಲೆ ಪ್ರತಿಯೊಂದನ್ನೂ ಒತ್ತಿ, ಎಳೆದು, ಮತ್ತೆ ಒತ್ತಿ ನೋಡದೆ ಮಾಸ್ಟ್ರು ಬಟ್ಟೆ ಮಡಿಸುವವರಲ್ಲ.

ಟಿಕ್.

ಮೇಜಿನ ಕೆಳಗೆ ಮಲಗಿದ್ದ ಭೂಪ ತಲೆ ಎತ್ತಿತು. ಎದ್ದು ಬಂದು ಅವರ ಕಾಲ ಬಳಿ ಕೂತು ಮುಖ ನೋಡಿತು. ಮಾಸ್ಟ್ರು ರೂಢಿಯಂತೆ "ಹಚಾ, ಆಚೆ ಹೋಗು" ಎಂದರು. ಅದು ಸ್ವಲ್ಪ ಹೊತ್ತು ಕಾದು, ನಿಟ್ಟುಸಿರು ಬಿಟ್ಟು ವಾಪಸು ಹೋಯಿತು.

ಇನ್ನೊಂದು ಏಪ್ರನ್ನು. ಟಿಕ್. ಮತ್ತೆ ತಲೆ ಎದ್ದಿತು. ಈ ಸಲ ಅದು ಎದ್ದು ಬರಲಿಲ್ಲ. ಕಣ್ಣು ಮಾತ್ರ ಬಂದಿತು.

ಮಾಸ್ಟ್ರ ಕೈ ಬಟ್ಟೆಯ ಮೇಲೇ ನಿಂತುಬಿಟ್ಟಿತು. ವಾರದಿಂದ ಬೆಳಗ್ಗೆಯಿಂದ ಸಂಜೆವರೆಗೆ ಟಿಕ್ ಟಿಕ್ ಎಂದವರು ಯಾರು? ತಾವು. ಒಂದು ಸಲವಾದರೂ ಕೊಟ್ಟಿದ್ದುಂಟೇ? ಇಲ್ಲ, ಹಚಾ ಎಂದಿದ್ದರು. ಹೇಳಿದ ದಿನಕ್ಕೆ ಬಟ್ಟೆ ಕೊಡದೆ ಒಬ್ಬ ಗಿರಾಕಿಯನ್ನೂ ತಿರುಗಿಸದ ಮನುಷ್ಯ ದಿನವಿಡೀ ಈ ಮೂಕಪ್ರಾಣಿಯನ್ನು ಬರಿಗೈಯಲ್ಲಿ ತಿರುಗಿಸಿ ಕಳಿಸಿದ್ದರು. ಅವರಿಗೆ ನಾಚಿಕೆಯಾಯಿತು. ಅಂಗಡಿಯಲ್ಲಿ ಯಾರೂ ಇಲ್ಲದಿದ್ದರೂ ಆಯಿತು.

ಹೇಳಿಬಿಡಬೇಕಿತ್ತು. ಒಳಗೆ ಹೋಗಿ ಒಂದು ಮಾತು ಅಂದಿದ್ದರೆ ಮುಗಿಯುತ್ತಿತ್ತು. ಆದರೆ ಅಷ್ಟೇ ಸುಲಭವಾಗಿ ಇನ್ನೊಂದು ಯೋಚನೆಯೂ ಬಂತು. ಸುಮ್ಮನಿದ್ದರೆ ನಾಯಿ ಕಲಿಯುವುದಿಲ್ಲ, ಕಲಿಯದಿದ್ದರೆ ಹೋಗುತ್ತದೆ. ತಾವು ಯಾರಿಗೂ ಕೆಟ್ಟವರಾಗದೆ ಕೆಲಸ ಮುಗಿಯುತ್ತದೆ. ಆ ದಿನ ಅವರು ಸುಮ್ಮನಿದ್ದರು. ಮರುದಿನವೂ ಸುಮ್ಮನಿದ್ದರು. ಅಂಗಡಿಗೆ ಬಂದು ಚಿಂದಿ ಬಟ್ಟೆ ಆರಿಸಿಕೊಳ್ಳುವುದನ್ನು ಪಟಾಕಿ ಬಿಟ್ಟಿದ್ದಳು. ಕನ್ನಡಿಯ ಕೆಳಗೆ ಮೊಣಕಾಲು ತಬ್ಬಿಕೊಂಡು ಕೂತು ಭೂಪನ ಬೆನ್ನು ಸವರುತ್ತಿದ್ದಳು.

"ತಾತ, ನಾನು ಮುಟ್ಟಿಲ್ಲ. ನೀನಾದ್ರೂ ನಂಬ್ತೀಯಾ?" ಎಂದಳು.

"ನಂಬ್ತೀನಿ ಪುಟ್ಟಾ," ಎಂದರು ಮಾಸ್ಟ್ರು. ಆಮೇಲೆ ಇಡೀ ಮಧ್ಯಾಹ್ನ ಅವರ ಒಂದು ಹೊಲಿಗೆಯೂ ನೆಟ್ಟಗೆ ಬೀಳಲಿಲ್ಲ.

ಅಂದು ಸಂಜೆ ಎಲ್ಲರೂ ಊಟಕ್ಕೆ ಕೂತಿದ್ದಾಗ ಅವರು ಜೇಬಿನಿಂದ ಒಂದು ತುಂಡು ಬಟ್ಟೆ ತೆಗೆದರು. ಅದರಲ್ಲಿ ಒಂದು ಜೊತೆ ಟಿಚ್ ಬಟನ್ ಇತ್ತು. ಒತ್ತಿದರು. ಟಿಕ್. ಪಕ್ಕದ ಕೋಣೆಯಿಂದ ಭೂಪ ಬಂದು ಅವರ ತಟ್ಟೆಯ ಪಕ್ಕ ಕೂತಿತು.

"ಮಗೂನ ಬೈಬೇಡಿ," ಎಂದರು. "ಟಿಕ್ ಅಂದೋನು ನಾನು."

ಮೊದಲು ನಕ್ಕವನು ಮಗ. ಅಜ್ಜಿಯಂತೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ಪಟಾಕಿ, "ನೋಡಿದ್ಯಾ! ನೋಡಿದ್ಯಾ ಅಮ್ಮಾ!" ಎಂದು ಎದ್ದು ನಿಂತಳು. ಸೊಸೆ ನಗಲಿಲ್ಲ.

"ಮಾವ, ನಿಮಗೆ ಯಾವಾಗ ಗೊತ್ತಾಯ್ತು?"

"ಅದು... ನಿನ್ನೆ ಬೆಳಗ್ಗೆ."

"ನಿನ್ನೆ ಬೆಳಗ್ಗೆಯಿಂದ ಇವಳು ಸರಿಯಾಗಿ ಊಟ ಮಾಡಿಲ್ಲ. ನೀವು ನೋಡಿದೀರಾ."

ಮಾಸ್ಟ್ರು ಬಟನ್ ಇದ್ದ ತುಂಡನ್ನು ಮತ್ತೆ ಜೇಬಿಗಿಳಿಸಿದರು.

"ಹೇಳದೇ ಇದ್ರೆ ನಾಯಿ ತಾನಾಗೇ ಹೋಗುತ್ತೆ, ಅಲ್ವಾ ಮಾವ?" ಅವಳು ತಟ್ಟೆಯನ್ನು ಪಕ್ಕಕ್ಕೆ ಸರಿಸಿದಳು. "ಕಳಿಸ್ಬೇಕು ಅಂದ್ರೆ ಕಳಿಸಿ. ಮನೆ ನಿಮ್ದು, ಅಂಗಡಿ ನಿಮ್ದು. ನಮ್ಮಪ್ಪನ ಕಡೆಯಿಂದ ಉಳಿದಿರೋದು ಇದೊಂದೇ, ಆದರೂ ನಾನೇನೂ ಅನ್ನಲ್ಲ. ಮೋಸ ಮಾತ್ರ ಮಾಡ್ಬೇಡಿ."

"ಏಯ್, ಅಪ್ಪನ ಹತ್ರ ಹಂಗೆಲ್ಲ..." ಎಂದು ಮಗ ಶುರುಮಾಡಿದ.

"ನೀನು ಸುಮ್ನಿರೋ," ಎಂದರು ಮಾಸ್ಟ್ರು. "ಅವಳು ಸರಿಯಾಗೇ ಹೇಳ್ತಿದ್ದಾಳೆ."

ಭೂಪ ಇನ್ನೂ ಕೂತೇ ಇತ್ತು, ಕಣ್ಣು ಮಾಸ್ಟ್ರ ಮೇಲೆ. ಕೊನೆಗೆ ಪಟಾಕಿಯೇ ಪಿಸುಗುಟ್ಟಿದಳು: "ತಾತ, ಟಿಕ್ ಅಂದ್ಯಲ್ಲ. ಕೊಡು." ಮಾಸ್ಟ್ರು ತಮ್ಮ ತಟ್ಟೆಯ ಮೊಟ್ಟೆಯಲ್ಲಿ ಅರ್ಧ ಮುರಿದು ಕೊಟ್ಟರು.

ಮರುದಿನ ಸೊಸೆ ಕೆಲಸಕ್ಕೆ ಹೊರಡುವಾಗ ನಾಯಿಯನ್ನು ಮಹಡಿಯ ಕೋಣೆಗೆ ಎಳೆದುಕೊಂಡು ಹೊರಟಳು. "ನಿಮ್ಮ ಬಟನ್ ಕೆಲಸ ಮುಗಿಯೋವರೆಗೂ ಮೇಲೇ ಇರಲಿ."

"ಬೇಡಮ್ಮಾ," ಎಂದರು ಮಾಸ್ಟ್ರು. "ಇಲ್ಲೇ ಬಿಡು. ನಾನು ಟಿಕ್ ಅಂದಾಗೆಲ್ಲ ಕೊಡ್ತೀನಿ. ಏನು ಕೊಡ್ಬೇಕು, ಹೇಗೆ ಕೊಡ್ಬೇಕು ತೋರ್ಸು."

ಅವಳು ಅನುಮಾನದಿಂದ ನೋಡಿದಳು. ಆದರೂ ತೋರಿಸಿದಳು. ಮೇಜಿನ ಪಕ್ಕ ಹಳೇ ಕಂಬಳಿಯ ತುಂಡು ಹಾಸಿ, ಭೂಪ ಅದರ ಮೇಲೆ ಕಾಲಿಟ್ಟರೆ ಟಿಕ್, ಕೂತರೆ ಟಿಕ್, ಮಲಗಿದರೆ ಟಿಕ್. ಬೇರೆಲ್ಲಿದ್ದರೂ ಬಟನ್ ಒತ್ತುವಂತಿಲ್ಲ. ಅದು ಕಂಬಳಿಗೆ ಬರುವವರೆಗೆ ಕೈ ಕಟ್ಟಿ ಕೂರಬೇಕು. ಚೂರುಗಳು ಉಗುರಿನಷ್ಟೇ ಇರಬೇಕು, ಅದೂ ಅದರ ಊಟದ ಪಾಲಿನಲ್ಲೇ ತೆಗೆದದ್ದು.

ಸಂಜೆ ಬಂದು ಪರೀಕ್ಷೆ ಮಾಡುತ್ತಿದ್ದಳು. ಮಾಸ್ಟ್ರಿಗೆ ಬಹಳ ವರ್ಷಗಳ ಮೇಲೆ ಇನ್ನೊಬ್ಬರ ಮುಂದೆ ಕಲಿಯುವ ಗ್ರಹಚಾರ ಒದಗಿತ್ತು.

"ತಡವಾಯ್ತು ಮಾವ. ಅದು ಎದ್ದ ಮೇಲೆ ಒತ್ತಿದ್ರಿ. ಎದ್ದಿದ್ದೇ ಸರಿ ಅಂದ್ಕೊಳ್ಳುತ್ತೆ."

"ಅಯ್ಯೋ, ಅದು ಕೂತು ಏಳೋದ್ರೊಳಗೆ ನನ್ನ ಕೈ ಬರ್ಬೇಡ್ವಾ?"

"ನೀವು ಮುಖ ನೋಡ್ತೀರಾ. ಮುಖ ನೋಡ್ಬೇಡಿ, ಮೊಣಕೈ ನೋಡಿ. ಮೊಣಕೈ ನೆಲ ಮುಟ್ಟಿದ ಕೂಡಲೇ ಒತ್ತಿ."

ಮೊಣಕೈ ಎಂದಾಕ್ಷಣ ಮಾಸ್ಟ್ರಿಗೆ ಹಾದಿ ಸಿಕ್ಕಿತು. ಮೈಯ ಮಡಿಕೆ ಎಲ್ಲಿ ಹೇಗೆ ಬೀಳುತ್ತದೆ ಎಂದು ನೋಡುವುದೇ ಅವರ ಜೀವಮಾನದ ಕೆಲಸ. ಕೋಟನ್ನೂ ಒಂದೇ ಸಲಕ್ಕೆ ಹೊಲಿಯುವುದಿಲ್ಲ. ಮೊದಲು ಕಚ್ಚಾ ಹೊಲಿಗೆ, ಹಾಕಿ ನೋಡಿ, ಬಿಚ್ಚಿ, ಮತ್ತೆ ಹೊಲಿಗೆ. ಇದೂ ಹಾಗೇ. ಒಮ್ಮೆ ಕಿಟಕಿಯ ಹೊರಗೆ ಬೆಕ್ಕು ಹೋದರೂ ಭೂಪ ಕಂಬಳಿ ಬಿಡದಿದ್ದಾಗ ಅವರ ಟಿಕ್ ಸರಿಯಾದ ಗಳಿಗೆಗೇ ಬಿತ್ತು. ಸೊಸೆ, "ಹಾಂ! ಅದೇ ಮಾವ, ಅದೇ!" ಎಂದು ಕೂಗಿದಳು. ಮಾಸ್ಟ್ರು ಆ ದಿನ ಮಲಗುವವರೆಗೂ ಅದನ್ನು ಮನಸ್ಸಿನಲ್ಲೇ ಮೆಲುಕು ಹಾಕಿದರು.

ಏಪ್ರನ್ನುಗಳ ಕೆಲಸ ಮುಗಿಯಿತು. ಬಟನ್ ಹೊಲಿದ ಬಟ್ಟೆಯ ತುಂಡು ಮಾತ್ರ ಅವರ ಜೇಬಿನಲ್ಲೇ ಉಳಿಯಿತು. ವಕೀಲರು ರಿಪೇರಿಯಾದ ಕೋಟನ್ನು ಒಯ್ಯಲು ಬಂದು, ಹೊಸ್ತಿಲಲ್ಲೇ ಫೈಲನ್ನು ಎದೆಗೆ ಅಡ್ಡ ಹಿಡಿದು ನಿಂತರು. ಭೂಪ ಕಂಬಳಿಯ ಮೇಲೆ ಮಲಗಿತ್ತು. ಬಾಲ ನೆಲಕ್ಕೆ ಪಟಪಟ ಬಡಿಯುತ್ತಿತ್ತು, ಮೈಯೆಲ್ಲ ಆಸೆಯಿಂದ ನಡುಗುತ್ತಿತ್ತು, ಆದರೆ ಏಳಲಿಲ್ಲ. ಟಿಕ್.

"ಇದು ಅದೇ ನಾಯಿಯಾ?" ಎಂದರು ವಕೀಲರು.

"ಅಲ್ಲ. ಅದರ ಅಣ್ಣ," ಎಂದರು ಮಾಸ್ಟ್ರು.

ಇಷ್ಟಾದರೂ ನಾಯಿ ಇರಲಿ ಎಂದು ಅವರು ಬಾಯಿ ಬಿಟ್ಟು ಹೇಳಲಿಲ್ಲ. ಎಲ್ಲರೆದುರು ಕೊಟ್ಟ ತೀರ್ಪನ್ನು ಎಲ್ಲರೆದುರು ಹಿಂದಕ್ಕೆ ತೆಗೆದುಕೊಳ್ಳುವುದು ಅವರಿಗ್ಯಾಕೋ ಕಷ್ಟ. ಸೊಸೆ ಕೇಳಲಿ, ಆಗ ಹೇಳೋಣ ಎಂದು ಅವರು. ಹೇಳುವುದಾದರೆ ಅವರೇ ಹೇಳಲಿ, ಇನ್ನೊಮ್ಮೆ ಕೈ ಚಾಚುವುದಿಲ್ಲ ಎಂದು ಅವಳು. ಚಿಕ್ಕಪ್ಪನಿಗೆ ಬರಬೇಡ ಎಂದು ಯಾರೂ ತಿಳಿಸಲಿಲ್ಲ. ರಜೆಯ ಕೊನೆಯ ಶನಿವಾರ ಅಜ್ಜಿ ಅಂಗಡಿಗೆ ಬಂದು ಸೊಂಟಕ್ಕೆ ಕೈಯಿಟ್ಟು ನಿಂತಳು.

"ಅವಳು ಅಲ್ಲಿ ನಾಯಿಗೆ ಬುತ್ತಿ ಕಟ್ತಿದ್ದಾಳೆ. ನಾಳೆ ದಾರಿಗೆ ಅಂತ. ಮಾತಾಡೋಕೆ ಏನ್ರೀ, ಬಾಯಲ್ಲಿ ಗುಂಡುಸೂಜಿ ಇಟ್ಕೊಂಡಿದ್ದೀರಾ?"

ಮಾಸ್ಟ್ರ ಬಾಯಲ್ಲಿ ನಿಜವಾಗಿಯೂ ಗುಂಡುಸೂಜಿಗಳಿದ್ದವು. ಅವರು ಅಂಗಿಯೊಂದಕ್ಕೆ ಸೂಜಿ ಚುಚ್ಚುತ್ತಾ, ಅದನ್ನೇ ನೆಪ ಮಾಡಿಕೊಂಡು "ಹೂಂ ಹೂಂ" ಎಂದರು.

ಭಾನುವಾರ ಬೆಳಗ್ಗೆ ಡೈರಿ ಚಿಕ್ಕಪ್ಪ ಬಂದ. ಬಾಗಿಲಲ್ಲಿ ನೆರಳು ಬಿತ್ತು. ಭೂಪ ಕಂಬಳಿಯ ಮೇಲೇ ಇತ್ತು. ಮಾಸ್ಟ್ರು ಜೇಬಿಗೆ ಕೈ ಹಾಕಿದರು. ಅಷ್ಟರಲ್ಲಿ ಚಿಕ್ಕಪ್ಪ, "ಏನೋ ಭೂಪಾ!" ಎಂದ. ತೀರಿಹೋದ ಅಣ್ಣನದೂ ಇವನದೂ ದನಿ ಒಂದೇ ತೆರ. ಅದೇ ಗಡಸು, ಅದೇ ಎಳೆತ. ಭೂಪ ಒಂದು ಕ್ಷಣ ಕಲ್ಲಾಯಿತು. ಮರುಕ್ಷಣ ಕಂಬಳಿ, ಪಾಠ, ಕೋಳಿಮಾಂಸ ಎಲ್ಲ ಮರೆತು ಹಾರಿ, ಅವನ ಎದೆಯ ಮೇಲೆ ಎರಡೂ ಕಾಲಿಟ್ಟು, ಕುಂಯ್ಗುಡುತ್ತಾ ಅವನ ಕುತ್ತಿಗೆಯಲ್ಲಿ ಮೂತಿ ತೂರಿಸಿ ಹುಡುಕತೊಡಗಿತು.

ಸೊಸೆ ಒಳಬಾಗಿಲಲ್ಲಿ ನಿಂತು ನೋಡಿದಳು. ಅವಳ ಕೈಯಲ್ಲಿ ಹಗ್ಗ, ಬೋಗುಣಿ, ಚಪ್ಪಲಿ, ಬುತ್ತಿಯ ಗಂಟು.

"ಎಗರಿಬಿಡ್ತು ಮಾವ," ಎಂದಳು. "ನೀವು ಹೇಳಿದ್ರಿ, ಯಾರೇ ಬರಲಿ ಅಂತ. ಹೋಗಲಿ ಬಿಡಿ."

ಕಂಬಳಿಯನ್ನೂ ಕಳಿಸೋಣ ಎಂದು ಬಗ್ಗಿ ಎತ್ತಿದಳು. ಎತ್ತಿದವಳು ಹಾಗೇ ನಿಂತಳು. ತಾನು ಹಾಸಿದ್ದು ಅಂಚು ಬಿಚ್ಚಿದ ಹಳೇ ತುಂಡು. ಈಗ ಅದಕ್ಕೆ ನಾಲ್ಕೂ ಕಡೆ ಕರಿ ರೇಷ್ಮೆಯಂಥ ಪಟ್ಟಿ. ವಕೀಲರ ಕೋಟಿನಿಂದ ಬಿಚ್ಚಿದ ಲೈನಿಂಗು. ಮೂಲೆಗಳನ್ನು ಮಡಿಸಿ ಜೋಡು ಹೊಲಿಗೆ ಹಾಕಿತ್ತು. ಕೆಳಗೆ ಇನ್ನೊಂದು ಪದರ ದಪ್ಪ ಬಟ್ಟೆ ಕೊಟ್ಟಿತ್ತು, ಚಳಿಗಾಲಕ್ಕೆ ನೆಲ ತಣ್ಣಗಿರುತ್ತದೆಂದು. ನಾಳೆ ಹೋಗುವ ನಾಯಿಗೆ ಯಾವ ದರ್ಜಿಯೂ ಇಷ್ಟು ಕೂತು ಹೊಲಿಯುವುದಿಲ್ಲ. ಅವಳು ಮಾವನ ಮುಖ ನೋಡಿದಳು. ಮಾವ ಯಂತ್ರದ ಚಕ್ರ ನೋಡುತ್ತಿದ್ದರು.

"ಮಾವ..."

"ತಡಿಯಮ್ಮಾ. ಕಂಬಳಿ ಕೆಳಗೆ ಹಾಕು," ಎಂದರು ಮಾಸ್ಟ್ರು. ಅವರ ಕಣ್ಣು ಈಗ ಭೂಪನ ಮೊಣಕೈಯ ಮೇಲಿತ್ತು.

ಭೂಪ ಚಿಕ್ಕಪ್ಪನ ಕುತ್ತಿಗೆ, ಕೈ, ಜೇಬು ಎಲ್ಲ ಮೂಸಿತು. ಹುಡುಕಿದ ವಾಸನೆ ಸಿಗಲಿಲ್ಲವೋ ಏನೋ, ಬಾಲ ಮೆಲ್ಲಗೆ ಇಳಿಯಿತು. ಒಂದು ಕಾಲು ನೆಲಕ್ಕೆ ಬಂತು. ಆಮೇಲೆ ಇನ್ನೊಂದು. ಅದು ತಿರುಗಿ ಕೋಣೆಯನ್ನೊಮ್ಮೆ ನೋಡಿತು, ಸೊಸೆಯನ್ನು ನೋಡಿತು, ನಡೆದು ಬಂದು ಕಂಬಳಿಯ ಮೇಲೆ ಮೊಣಕೈ ಊರಿತು.

ಟಿಕ್.

"ಚಿಕ್ಕಪ್ಪನೋರೇ," ಎಂದರು ಮಾಸ್ಟ್ರು, ರಸ್ಕಿನ ಚೂರೊಂದನ್ನು ಭೂಪನ ಬಾಯಿಗಿಡುತ್ತಾ, "ನೀವು ಊಟ ಮಾಡ್ಕೊಂಡು ಹೋಗಿ. ನಾಯಿ ಬರಲ್ಲ. ನಿಮ್ಮಣ್ಣಂಗೆ ಆಸ್ಪತ್ರೆಲಿ ನಾನು ಮಾತು ಕೊಟ್ಟಿದ್ದೆ. ನಡುವೆ ಸ್ವಲ್ಪ ದಿನ ಮರೆತಿದ್ದೆ, ಅಷ್ಟೇ."

ಸೊಸೆ ಸರ್ರನೆ ಒಳಗೆ ಹೋದಳು. ಎಲ್ಲರೂ ಕಿವಿಗೊಟ್ಟು ಕಾದರು. ಪಾತ್ರೆಯ ಸದ್ದು ಬರಲಿಲ್ಲ. ಅಜ್ಜಿ ಇಣುಕಿ ನೋಡಿ ಬಂದು, "ಅಳ್ತಿದ್ದಾಳೆ. ಅತ್ತುಕೊಳ್ಳಲಿ ಬಿಡಿ, ಒಳ್ಳೇ ಅಳು," ಎಂದಳು.

ಮಧ್ಯಾಹ್ನ ಎಲ್ಲರೂ ಒಟ್ಟಿಗೆ ಊಟಕ್ಕೆ ಕೂತರು. ಚಿಕ್ಕಪ್ಪ ಹಸುಗಳ ಕಥೆ ಹೇಳಿದ, ಮಗ ಬಸ್ಸಿನ ಕಥೆ ಹೇಳಿದ, ಇಬ್ಬರ ನಡುವೆ ಪಟಾಕಿ ಎಲ್ಲರ ಕಥೆ ಹೇಳಿದಳು. ಮಾಸ್ಟ್ರು ಕೊನೆಯ ತುತ್ತು ಉಂಡು, ಜೇಬಿನಿಂದ ಬಟನ್ ತೆಗೆದು, ಹೆಂಡತಿಯ ಕಡೆ ಹಿಡಿದು ಒತ್ತಿದರು. ಟಿಕ್.

"ಇದ್ಯಾಕೆ?" ಎಂದಳು ಅಜ್ಜಿ.

"ಅಡುಗೆ ಚೆನ್ನಾಗಿದೆ."

ಅಜ್ಜಿ ಕೈಯಲ್ಲಿದ್ದ ಸೌಟು ಕೆಳಗಿಟ್ಟಳು. ಮುಖ ಕೆಂಪಗಾದದ್ದನ್ನು ಮರೆಮಾಡಲು ಅಂಗೈ ಚಾಚಿದಳು. "ಟಿಕ್ ಅಂದ ಮೇಲೆ ಕೊಡ್ಬೇಕಲ್ಲ? ಎಲ್ಲಿ?"

ಮಾಸ್ಟ್ರು ಇದನ್ನು ಯೋಚಿಸಿರಲಿಲ್ಲ. ಅತ್ತಿತ್ತ ನೋಡಿದರು. ಆಮೇಲೆ ತಮ್ಮ ತಟ್ಟೆ, ಹೆಂಡತಿಯ ತಟ್ಟೆ, ಅಕ್ಕಪಕ್ಕದ ತಟ್ಟೆಗಳನ್ನೆಲ್ಲ ಒಂದರ ಮೇಲೊಂದು ಪೇರಿಸಿಕೊಂಡು ಅಡುಗೆಮನೆಗೆ ನಡೆದರು. "ಬಿಡಿ ಮಾವ, ನಾನು ತೊಳೀತೀನಿ" ಎಂದು ಸೊಸೆ ಹಿಂದೆಯೇ ಓಡಿದಳು. "ಬೇಡ, ಮಾತು ಅಂದ್ರೆ ಮಾತು," ಎಂದರು ಅವರು. ದಡ್ ದಡಾರ್ ಎಂದು ಸದ್ದು ಶುರುವಾಯಿತು.

"ತಾತಂಗೆ ಕೋಪ ಬಂದಿದ್ಯಾ ಅಜ್ಜಿ?" ಪಟಾಕಿ ಕೇಳಿದಳು.

"ಇಲ್ಲ ಕಣೇ. ತಾತಂಗೆ ತೊಳೆಯೋಕೆ ಬರಲ್ಲ."

ಸೊಸೆ ಗೋಡೆಗೊರಗಿ ನೋಡುತ್ತಿದ್ದಳು. ಮಾವ ಒಂದು ತಟ್ಟೆಯನ್ನು ಉಜ್ಜಿ, ಬೆಳಕಿಗೆ ಹಿಡಿದು ನೋಡಿ, ಸದ್ದಾಗದಂತೆ ಮೆಲ್ಲಗೆ ಗೂಡಿನಲ್ಲಿಟ್ಟರು. ಅವಳು ಕಪಾಟಿನ ಮೇಲಿಂದ ಡಬ್ಬಿ ತೆಗೆದು ಒತ್ತಿದಳು. ಟಿಕ್.

ಮಾಸ್ಟ್ರು ತಿರುಗಿ ನೋಡಿ ನಕ್ಕರು. ಆದರೆ ಅವರಿಗಿಂತ ಮೊದಲು ಭೂಪ ಬಂದಾಗಿತ್ತು. ಇಬ್ಬರ ನಡುವೆ ಕೂತು, ಒಮ್ಮೆ ಅವರ ಮುಖ, ಒಮ್ಮೆ ಇವಳ ಮುಖ ನೋಡಿತು. ಇಬ್ಬರ ಕೈಯಲ್ಲೂ ಏನೂ ಇರಲಿಲ್ಲ.

ಸೊಸೆ ಮೂಲೆಯಲ್ಲಿಟ್ಟಿದ್ದ ಗಂಟನ್ನು ಎಳೆದುಕೊಂಡಳು. ದಾರಿಗೆಂದು ಕಟ್ಟಿದ್ದ ಬುತ್ತಿಯನ್ನು ಬಿಚ್ಚಿ, ನೆಗ್ಗಿದ ಆ ಬೋಗುಣಿಯಲ್ಲಿ ಹಾಕಿ, ಅಡುಗೆಮನೆಯ ನೆಲದ ಮೇಲಿಟ್ಟಳು.